ಟೈಬೀರಿಯಸ್ ಗ್ರಾಕಸ್‌ನನ್ನು ಬಂಧುಗಳೇ ಕೊಂದದ್ದೇಕೆ?

ಪ್ರಶ್ನೆ: ಬಡವರಿಗೆ ಜಮೀನು ಹಂಚಲು ಹೊರಟ ಟೈಬೀರಿಯಸ್ ಗ್ರಾಕಸ್‌ನನ್ನು ರೋಮ್‌ನ ಸೆನೆಟರುಗಳು ಕೊಂದದ್ದು ತಮ್ಮ ಆಸ್ತಿ ಉಳಿಸಿಕೊಳ್ಳುವುದಕ್ಕಾಗಿಯೇ?

ಆಸ್ತಿಯ ಆಸೆ ಇತ್ತು, ನಿಜ. ಅದೊಂದೇ ಆಗಿದ್ದರೆ ಮಾತು ಕೊಲೆಯವರೆಗೆ ಹೋಗುತ್ತಿರಲಿಲ್ಲ ಎಂದು ನಾನು ನಂಬಿದ್ದೇನೆ. ಕ್ರಿ.ಪೂ. 133ರಲ್ಲಿ ಟ್ರಿಬ್ಯೂನ್, ಅಂದರೆ ಸಾಮಾನ್ಯ ಜನರು ಆರಿಸಿದ ಪ್ರತಿನಿಧಿ ಆಗಿದ್ದ ಟೈಬೀರಿಯಸ್ ತಂದ ಕಾಯ್ದೆ ಯಾರ ಸ್ವಂತ ಹೊಲವನ್ನೂ ಮುಟ್ಟುತ್ತಿರಲಿಲ್ಲ. ಇಟಲಿಯಲ್ಲಿ ರೋಮ್ ಗೆದ್ದುಕೊಂಡಿದ್ದ ಸರ್ಕಾರಿ ಜಮೀನನ್ನು ಸಿರಿವಂತರು ತಲೆಮಾರುಗಳಿಂದ ಒತ್ತುವರಿ ಮಾಡಿ ಗುಲಾಮರಿಂದ ಉಳುಮೆ ಮಾಡಿಸುತ್ತಿದ್ದರು. ತಲೆಗೆ 500 ಯೂಗೆರಾ, ಅಂದರೆ ಸುಮಾರು 310 ಎಕರೆ ಎಂಬ ಹಳೆಯ ಮಿತಿಗೆ ಯಾರೂ ಕಿಮ್ಮತ್ತು ಕೊಟ್ಟಿರಲಿಲ್ಲ. ಮಿತಿ ಮೀರಿದ್ದನ್ನಷ್ಟೇ ಬಿಡಿ, ಭೂಮಿಯಿಲ್ಲದವರಿಗೆ ಕೊಡೋಣ ಎಂದ ಟೈಬೀರಿಯಸ್.

ಹಂಚುವ ಭೂಮಿಗಿಂತ ಹಂಚುವ ಕೈಯನ್ನು ಕಂಡು ಸೆನೆಟ್ ಹೆಚ್ಚು ಹೆದರಿತು. ರೋಮ್‌ನಲ್ಲಿ ಉಪಕಾರ ಪಡೆದವನು ಉಪಕಾರಿಯ ಮನೆತನಕ್ಕೆ ಋಣಿ. ಆ ಋಣ ಮತವಾಗಿ ತೀರಬೇಕು. ಜಮೀನು ಹಂಚುವ ಸಮಿತಿಯಲ್ಲಿ ಇದ್ದವರು ಮೂವರೇ: ಟೈಬೀರಿಯಸ್, ತಮ್ಮ ಗೈಯಸ್, ಹೆಂಡತಿಯ ತಂದೆಯಾದ ಮಾವ ಆಪಿಯಸ್ ಕ್ಲಾಡಿಯಸ್. ಸಾವಿರಾರು ಕುಟುಂಬಗಳು ಒಂದೇ ಮನೆಯ ಋಣಕ್ಕೆ ಬೀಳಲಿದ್ದವು. ಕಾಯ್ದೆಗೆ ಅಡ್ಡ ಬಂದ ಸಹ ಟ್ರಿಬ್ಯೂನ್ ಒಕ್ಟೇವಿಯಸ್‌ನನ್ನು ಜನರ ಮತದಿಂದಲೇ ಪದವಿಯಿಂದ ಇಳಿಸಿದ ಮೇಲೆ, ಮರುವರ್ಷಕ್ಕೂ ತಾನೇ ಟ್ರಿಬ್ಯೂನ್ ಆಗಲು ಹೊರಟ ಮೇಲೆ, ಇವನು ರಾಜನಾಗುತ್ತಾನೆ ಎಂಬ ಕೂಗು ಎದ್ದಿತು.

ಆ ಕೂಗಿಗೆ ದನಿಯಾದವನು ಸಿಪಿಯೊ ನಾಸಿಕ. ಯಾರು ಈತ? ಟೈಬೀರಿಯಸ್‌ನ ತಾಯಿ ಕೊರ್ನೇಲಿಯಾಳ ಅಕ್ಕನ ಮಗ. ನಮ್ಮ ಲೆಕ್ಕದಲ್ಲಿ ದೊಡ್ಡಮ್ಮನ ಮಗ, ಒಡಹುಟ್ಟಿದವನಷ್ಟೇ ಹತ್ತಿರ. ವಿಚಾರಣೆಯಿಲ್ಲದೆ ಪ್ರಜೆಯನ್ನು ಕೊಲ್ಲುವುದಿಲ್ಲ ಎಂದು ಕಾನ್ಸಲ್, ಅಂದರೆ ಆಡಳಿತದ ಮುಖ್ಯಸ್ಥ, ನಿರಾಕರಿಸಿದಾಗ, ನಾಸಿಕ ಮೈಗೆ ಸುತ್ತಿದ್ದ ಟೋಗಾದ ಸೆರಗನ್ನು ತಲೆಯ ಮೇಲೆ ಎಳೆದುಕೊಂಡು ಹೊರಟ. ಬಲಿ ಕೊಡುವ ಪುರೋಹಿತ ತಲೆ ಮುಚ್ಚಿಕೊಳ್ಳುವ ರೀತಿ ಅದು. ಅವನು ರೋಮ್‌ನ ಮುಖ್ಯ ಪುರೋಹಿತನೂ ಹೌದು. ಹಿಂದೆ ಬಂದ ಸೆನೆಟರುಗಳು ಮುರಿದ ಬೆಂಚುಗಳ ಕಾಲುಗಳನ್ನೇ ಹಿಡಿದು ಬಡಿದರು. ಟೈಬೀರಿಯಸ್ ಜೊತೆಗೆ ಸುಮಾರು 300 ಜನ ಸತ್ತರು. ಹೆಣಗಳನ್ನು ಟೈಬರ್ ನದಿಗೆ ಎಸೆದರು. ಸ್ಪೇನ್‌ನಲ್ಲಿ ಯುದ್ಧದಲ್ಲಿದ್ದ ಸಿಪಿಯೊ ಎಮಿಲಿಯಾನಸ್ ಸುದ್ದಿ ಕೇಳಿ, ಇಂಥದ್ದು ಮಾಡುವವರಿಗೆಲ್ಲ ಇದೇ ಗತಿಯಾಗಲಿ ಎಂಬ ಅರ್ಥದ ಹೋಮರನ ಸಾಲನ್ನು ಹೇಳಿದನಂತೆ. ಆತ ಟೈಬೀರಿಯಸ್ ಒಡಹುಟ್ಟಿದ ಸೆಂಪ್ರೋನಿಯಾಳ ಗಂಡ. ಇದನ್ನು ಓದಿದಾಗಲೆಲ್ಲ ನನ್ನ ಮನಸ್ಸು ಕೊರ್ನೇಲಿಯಾಳ ಕಡೆಗೇ ಹೋಗುತ್ತದೆ: ಸತ್ತವನು ಮಗ, ಕೊಲ್ಲಿಸಿದವನು ಅಕ್ಕನ ಮಗ, ಸರಿಯಾಯಿತು ಎಂದವನು ಅಳಿಯ.

ಆಸ್ತಿಯೊಂದೇ ಕಾರಣವಾಗಿದ್ದರೆ ಮರುದಿನವೇ ಕಾಯ್ದೆಯನ್ನು ರದ್ದು ಮಾಡಬೇಕಿತ್ತು. ಸೆನೆಟ್ ಹಾಗೆ ಮಾಡಲಿಲ್ಲ, ಹಂಚಿಕೆ ಮುಂದುವರಿಯಿತು. ಆಗ ನೆಟ್ಟ ಗಡಿಕಲ್ಲುಗಳು ದಕ್ಷಿಣ ಇಟಲಿಯಲ್ಲಿ ಸಿಕ್ಕಿವೆ. ಅವುಗಳ ಮೇಲೆ ಮೂರು ಹೆಸರುಗಳಿವೆ: ಗೈಯಸ್ ಸೆಂಪ್ರೋನಿಯಸ್, ಆಪಿಯಸ್ ಕ್ಲಾಡಿಯಸ್, ಪಬ್ಲಿಯಸ್ ಲಿಸಿನಿಯಸ್. ಸತ್ತವನ ತಮ್ಮ, ಸತ್ತವನ ಮಾವ, ತಮ್ಮನ ಮಾವ.