ಸರದಿಗಾಗಿ ಕಾಯುವ ಅಲೆಗಳು: ವೈಫೈ ಸೆಟ್ಟಿಂಗ್ ಪುಟದ ಹಿಂದಿನ ಅರ್ಧ ಶತಮಾನ

ಹೊಸ ರೌಟರನ್ನು ಜೋಡಿಸಿ, ಬ್ರೌಸರಿನಲ್ಲಿ 192.168.1.1 ಎಂದೋ ಅದರ ಅಡಿಭಾಗದ ಚೀಟಿಯಲ್ಲಿ ಅಚ್ಚಾಗಿರುವ ಬೇರೊಂದು ವಿಳಾಸವನ್ನೋ ಬರೆದರೆ ಸೆಟ್ಟಿಂಗ್‌ಗಳ ಪುಟ ತೆರೆದುಕೊಳ್ಳುತ್ತದೆ. ಬ್ಯಾಂಡ್, ಚಾನೆಲ್, ಚಾನೆಲಿನ ಅಗಲ, ಮೋಡ್, ಭದ್ರತೆಯ ಬಗೆ, ಡಬ್ಲ್ಯುಪಿಎಸ್ ಎಂದು ಒಂದರ ಕೆಳಗೊಂದು ಆಯ್ಕೆಗಳು ನಿಂತಿರುತ್ತವೆ. ಹೆಚ್ಚಿನವರು ಜಾಲಕ್ಕೊಂದು ಹೆಸರು, ಒಂದು ಪಾಸ್‌ವರ್ಡ್ ಕೊಟ್ಟು ಪುಟವನ್ನು ಮುಚ್ಚಿಬಿಡುತ್ತಾರೆ. ಉಳಿದ ಸಾಲುಗಳು ಯಾರೋ ಎಂಜಿನಿಯರ್ ತನಗಾಗಿ ಬರೆದುಕೊಂಡ ಟಿಪ್ಪಣಿಗಳಂತೆ ಕಾಣುತ್ತವೆ. ಆದರೆ ಅಲ್ಲಿನ ಒಂದೊಂದು ಸಾಲೂ ಯಾವುದೋ ಕಾಲದ ತೊಡಕಿಗೋ, ಹಗ್ಗಜಗ್ಗಾಟಕ್ಕೋ, ಒಂದೆರಡು ಕಡೆ ಅಪ್ಪಟ ಎಡವಟ್ಟಿಗೋ ಸಿಕ್ಕ ಉತ್ತರ. ಆ ತೊಡಕುಗಳ ಬೇರು ಒಂದೇ: ಗಾಳಿ ಎಲ್ಲರದೂ ಆಗಿದೆ, ಮತ್ತು ಒಂದು ಚಾನೆಲಿನಲ್ಲಿ ಒಂದು ಹೊತ್ತಿಗೆ ಒಬ್ಬರು ಮಾತನಾಡಿದರೆ ಮಾತ್ರ ಕೇಳಿಸುತ್ತದೆ.

ಈ ಪ್ರಶ್ನೆಯನ್ನು ಮೊದಲು ಗಂಭೀರವಾಗಿ ಎದುರಿಸಿದ್ದು ಹವಾಯಿ ವಿಶ್ವವಿದ್ಯಾಲಯದ ನಾರ್ಮನ್ ಅಬ್ರಾಮ್ಸನ್ ಮತ್ತು ಅವರ ಸಂಗಡಿಗರು. ವಿಶ್ವವಿದ್ಯಾಲಯದ ಮುಖ್ಯ ಕಂಪ್ಯೂಟರ್ ಒಂದೆಡೆ, ಅದನ್ನು ಬಳಸಬೇಕಾದವರು ಬೇರೆ ಬೇರೆ ಆವರಣಗಳಲ್ಲಿ ಮತ್ತು ದ್ವೀಪಗಳಲ್ಲಿ ಹಂಚಿಹೋಗಿದ್ದರು. 1971ರ ಜೂನ್‌ನಲ್ಲಿ ಕೆಲಸ ಆರಂಭಿಸಿದ ಅಲೋಹಾನೆಟ್, ದೂರವಾಣಿ ತಂತಿಯ ಬದಲು ರೇಡಿಯೊ ತರಂಗಗಳನ್ನು ನೆಚ್ಚಿಕೊಂಡಿತು. ಅದರ ನಿಯಮ ಬಹಳ ಸರಳವಾಗಿತ್ತು: ಕಳುಹಿಸಲು ಏನಾದರೂ ಇದ್ದರೆ ಕಳುಹಿಸು; ತಲುಪಿತೆಂಬ ಮರುತ್ತರ ಬಾರದಿದ್ದರೆ ಇನ್ನೊಂದು ಸಂದೇಶಕ್ಕೆ ಡಿಕ್ಕಿಯಾಗಿದೆ ಎಂದುಕೊಂಡು, ಅಂದಾಜಿಗೆ ಸಿಗದಷ್ಟು ಹೊತ್ತು ಕಾದು ಮತ್ತೆ ಕಳುಹಿಸು. ಇಬ್ಬರೂ ಒಂದೇ ಅವಧಿ ಕಾದರೆ ಮತ್ತೆ ಡಿಕ್ಕಿ ಖಚಿತ; ಆದ್ದರಿಂದ ಕಾಯುವ ಹೊತ್ತು ಆಕಸ್ಮಿಕವಾಗಿರಬೇಕಿತ್ತು. ಸರದಿ ಹಂಚುವ ಯಜಮಾನನಿಲ್ಲದ ಈ ಸ್ವಾತಂತ್ರ್ಯಕ್ಕೆ ತೆರಬೇಕಾದ ಬೆಲೆ ಸಣ್ಣದಲ್ಲ. ಲೆಕ್ಕ ಹಾಕಿದರೆ ಚಾನೆಲಿನ ಸಾಮರ್ಥ್ಯದಲ್ಲಿ ಹೆಚ್ಚೆಂದರೆ ಶೇ 18ರಷ್ಟು ಮಾತ್ರ ಉಪಯೋಗಕ್ಕೆ ಬರುತ್ತದೆ. ಕಳುಹಿಸುವ ಕ್ಷಣಗಳನ್ನು ಗಡಿಯಾರಕ್ಕೆ ಕಟ್ಟಿಹಾಕಿದರೆ ಇದು ಇಮ್ಮಡಿಯಾಗಿ ಶೇ 37ರ ಹತ್ತಿರಕ್ಕೆ ಬರುತ್ತದೆ ಎಂಬುದನ್ನು ಕಂಪ್ಯೂಟರ್ ಜಾಲಗಳ ತಜ್ಞ ಲ್ಯಾರಿ ರಾಬರ್ಟ್ಸ್ ತೋರಿಸಿದರು.

1973ರಲ್ಲಿ ಜೆರಾಕ್ಸ್ ಸಂಸ್ಥೆಯ ಪಾರ್ಕ್ ಪ್ರಯೋಗಾಲಯದಲ್ಲಿ ರಾಬರ್ಟ್ ಮೆಟ್ಕಾಫ್ ಇದೇ ಕಲ್ಪನೆಯನ್ನು ಕೇಬಲಿಗೆ ಇಳಿಸಿ, ಮಾತನಾಡುವ ಮೊದಲು ಕಿವಿಗೊಡಬೇಕು, ಡಿಕ್ಕಿಯಾದರೆ ತಕ್ಷಣ ನಿಲ್ಲಿಸಬೇಕು ಎಂಬ ಎರಡು ಶಿಸ್ತುಗಳನ್ನು ಸೇರಿಸಿದರು, ಅದೇ ಈಥರ್ನೆಟ್. ಮುಂದೆ ನಿಸ್ತಂತು ಜಾಲಗಳು ಈಥರ್ನೆಟ್ಟಿನಿಂದ ಮೊದಲನೆಯ ಶಿಸ್ತನ್ನು ಪಡೆದವು, ಎರಡನೆಯದನ್ನು ಪಡೆಯಲಾಗಲಿಲ್ಲ. ತಾನೇ ಕೂಗುತ್ತಿರುವವನಿಗೆ ದೂರದ ಪಿಸುಮಾತು ಕೇಳಿಸುವುದಿಲ್ಲ. ಹಾಗೆಯೇ ಪ್ರಸಾರ ಮಾಡುತ್ತಿರುವ ರೇಡಿಯೊಗೆ ಅದೇ ಚಾನೆಲಿನ ಡಿಕ್ಕಿ ತಿಳಿಯುವುದಿಲ್ಲ. ಆದ್ದರಿಂದ ಡಿಕ್ಕಿಯನ್ನು ಪತ್ತೆ ಹಚ್ಚುವ ಬದಲು ಆದಷ್ಟು ತಪ್ಪಿಸಿಕೊಳ್ಳುವುದೇ ವೈಫೈನ ದಾರಿಯಾಯಿತು.

ಅಷ್ಟಕ್ಕೂ ಈ ಮಾತುಕತೆ ನಡೆಯಬೇಕಾದ ತರಂಗಗಳಾದರೂ ಎಲ್ಲಿದ್ದವು? ಕೆಲಸಕ್ಕೆ ಬರುವ ಆವರ್ತನಗಳನ್ನೆಲ್ಲ ಸೇನೆ, ರೇಡಿಯೊ, ಟಿವಿ, ವಿಮಾನಯಾನಗಳಿಗೆ ಪರವಾನಗಿಯ ಮೂಲಕ ಹಂಚಿಯಾಗಿತ್ತು. ಉಳಿದಿದ್ದವು ಕೈಗಾರಿಕೆ, ವಿಜ್ಞಾನ ಮತ್ತು ವೈದ್ಯಕೀಯ ಉಪಕರಣಗಳಿಗಾಗಿ ಬಿಟ್ಟುಕೊಟ್ಟಿದ್ದ ಕೆಲವು ಆವರ್ತನ ಪಟ್ಟಿಗಳು, ಎಂದರೆ ಬ್ಯಾಂಡುಗಳು. ಮೈಕ್ರೋವೇವ್ ಒಲೆಗಳು 2.45 ಗಿಗಾಹರ್ಟ್ಸ್‌ನಲ್ಲಿ ಗದ್ದಲವೆಬ್ಬಿಸುತ್ತಿದ್ದ ಈ ಪಟ್ಟಿಗಳು ಸಂವಹನಕ್ಕೆ ನಾಲಾಯಕ್ಕು ಎಂಬ ಭಾವನೆ ಇತ್ತು. ಅಮೆರಿಕದ ಸಂವಹನ ಆಯೋಗವಾದ ಎಫ್‌ಸಿಸಿಯಲ್ಲಿ ಎಂಜಿನಿಯರ್ ಆಗಿದ್ದ ಮೈಕೆಲ್ ಮಾರ್ಕಸ್ ಅವರ ಒತ್ತಾಸೆಯಿಂದ 1985ರಲ್ಲಿ ಹೊರಬಂದ ನಿಯಮವೊಂದು, 900 ಮೆಗಾಹರ್ಟ್ಸ್, 2.4 ಮತ್ತು 5.8 ಗಿಗಾಹರ್ಟ್ಸ್ ಸುತ್ತಿನ ಪಟ್ಟಿಗಳನ್ನು ಪರವಾನಗಿ ಇಲ್ಲದ ಸಂವಹನಕ್ಕೆ ತೆರೆಯಿತು. ಸಂಕೇತವನ್ನು ಒಂದೇ ಆವರ್ತನದಲ್ಲಿ ಗುಡ್ಡೆ ಹಾಕದೆ ಅಗಲವಾಗಿ ಹರಡಬೇಕು, ಶಕ್ತಿ ಒಂದು ವ್ಯಾಟ್ ಮೀರಬಾರದು ಎಂಬುದು ಷರತ್ತು. ಇಂದು ನೆರೆಯವರ ಕರೆಗಂಟೆ, ಬ್ಲೂಟೂತ್ ಇಯರ್‌ಫೋನ್, ಮೈಕ್ರೋವೇವ್ ಒಲೆ ಎಲ್ಲವೂ ನಮ್ಮ ವೈಫೈಗೆ ಅಡ್ಡಬರುವುದನ್ನು ನಾವು ದೋಷವೆಂದು ದೂರುತ್ತೇವೆ. ಇದು ಕರಾರಿನಲ್ಲೇ ಇದ್ದ ಮಾತು. ಕೇಳದೆ ಬಳಸುವ ಹಕ್ಕು ಸಿಕ್ಕಿತು, ಅಡಚಣೆಯಿಂದ ರಕ್ಷಣೆ ಕೇಳುವ ಹಕ್ಕು ಸಿಗಲಿಲ್ಲ.

ಸಂಕೇತವನ್ನು ಹರಡುವ ಕಲೆ ಸೇನಾ ಸಂಶೋಧನೆಯಿಂದ ಬಂದದ್ದು. ನಟಿ ಹೆಡಿ ಲಮಾರ್ ಮತ್ತು ಸಂಗೀತಗಾರ ಜಾರ್ಜ್ ಆಂಥೀಲ್ 1942ರಲ್ಲಿ ಆವರ್ತನದಿಂದ ಆವರ್ತನಕ್ಕೆ ಜಿಗಿಯುವ ವಿಧಾನವೊಂದಕ್ಕೆ ಪೇಟೆಂಟ್ ಪಡೆದದ್ದು ನಿಜ. ಆದರೆ ‘ವೈಫೈಯನ್ನು ಕಂಡುಹಿಡಿದ ನಟಿ’ ಎಂಬ ಜನಪ್ರಿಯ ಬಣ್ಣನೆ ತುಸು ಹೆಚ್ಚಾಯಿತು. ವೈಫೈಯ ಮೊದಲ ಮಾನದಂಡದಲ್ಲಿ ಜಿಗಿತಕ್ಕೂ ಜಾಗವಿತ್ತು, ಆದರೆ ಮಾರುಕಟ್ಟೆಯಲ್ಲಿ ಗೆದ್ದದ್ದು ಬೇರೆಯದೇ ವಿಧಾನ.

ಆ ಮಾನದಂಡದ ಕಥೆ ಅಂಗಡಿಯ ಗಲ್ಲಾಪೆಟ್ಟಿಗೆಯಿಂದ ಶುರುವಾಗುತ್ತದೆ. ನಗದು ಯಂತ್ರಗಳನ್ನು ತಯಾರಿಸುತ್ತಿದ್ದ ಎನ್‌ಸಿಆರ್ ಕಂಪನಿಗೆ, ಮಳಿಗೆಯ ಜೋಡಣೆ ಬದಲಾದಾಗಲೆಲ್ಲ ಕೇಬಲ್ ಕಿತ್ತು ಹಾಕುವ ಗೋಳನ್ನು ತಪ್ಪಿಸಬೇಕಿತ್ತು. ಅದರ ನೆದರ್ಲೆಂಡ್ಸ್ ವಿಭಾಗ ವೇವ್‌ಲ್ಯಾನ್ ಎಂಬ ಉತ್ಪನ್ನವನ್ನು ರೂಪಿಸಿತು. ಒಂದು ಕಂಪನಿಯ ಕಾರ್ಡ್ ಇನ್ನೊಂದರೊಡನೆ ಮಾತನಾಡದ ಆ ಕಾಲದಲ್ಲಿ ಎಲ್ಲರಿಗೂ ಒಪ್ಪುವ ಭಾಷೆ ಬೇಕೆಂದು, ಅದೇ ವಿಭಾಗದ ವಿಕ್ ಹೇಯ್ಸ್, ತಾಂತ್ರಿಕ ಮಾನದಂಡಗಳನ್ನು ರೂಪಿಸುವ ಎಂಜಿನಿಯರುಗಳ ಸಂಸ್ಥೆಯಾದ ಐಇಇಇಯ 802.11 ಸಮಿತಿಯ ಅಧ್ಯಕ್ಷತೆಯನ್ನು ಹೊತ್ತರು. ಮಾನದಂಡ ಹೊರಬರಲು 1997 ಆಯಿತು. ಹೊರಬಂದಾಗಲೂ ಅದರಲ್ಲಿ ಜಿಗಿತ, ನೇರ ಹರಡುವಿಕೆ, ಅತಿಗೆಂಪು ಬೆಳಕು ಎಂಬ ಪರಸ್ಪರ ಹೊಂದದ ಮೂರು ಮಾರ್ಗಗಳಿದ್ದವು; ಜಗಳ ಬಗೆಹರಿಯದಿದ್ದಾಗ ಸಮಿತಿಗಳು ಕೊಡುವ ತೀರ್ಪು ಸಾಮಾನ್ಯವಾಗಿ ಹೀಗೆಯೇ ಇರುತ್ತದೆ. ವೇಗ ಸೆಕೆಂಡಿಗೆ 1 ಅಥವಾ 2 ಮೆಗಾಬಿಟ್. 1999ರಲ್ಲಿ 802.11ಬಿ ಅದನ್ನು 11ಕ್ಕೆ ಏರಿಸಿತು, ಅದೇ ವರ್ಷ ಆಪಲ್ ಕಂಪನಿ ಐಬುಕ್ ಲ್ಯಾಪ್‌ಟಾಪಿನೊಂದಿಗೆ ಏರ್‌ಪೋರ್ಟ್ ಎಂಬ ಹೆಸರಿನಲ್ಲಿ ಅದನ್ನು ಸಾಮಾನ್ಯ ಗ್ರಾಹಕರ ಮುಂದಿಟ್ಟಿತು, ತಯಾರಕರ ಒಕ್ಕೂಟವೊಂದು ಅದಕ್ಕೆ ‘ವೈಫೈ’ ಎಂದು ಹೆಸರಿಟ್ಟಿತು. ಆ ಹೆಸರಿಗೆ ವಿಸ್ತೃತ ರೂಪವಿಲ್ಲ. ನಾಲಗೆಗೆ ಸುಲಭವಾಗಲೆಂದು ಬ್ರ್ಯಾಂಡಿಂಗ್ ಸಂಸ್ಥೆಯೊಂದು ಕೊಟ್ಟ ಪದವದು.

ಈ ಭಾಷೆಯಲ್ಲಿ ಒಂದು ಪ್ಯಾಕೆಟ್, ಎಂದರೆ ದತ್ತಾಂಶದ ಒಂದು ತುಣುಕು, ಹೇಗೆ ಹೊರಡುತ್ತದೆ ಎಂಬುದನ್ನು 802.11ಬಿಯ ಅಂಕಿಗಳಲ್ಲೇ ಹತ್ತಿರದಿಂದ ನೋಡಬಹುದು. ಲ್ಯಾಪ್‌ಟಾಪ್ ಮೊದಲು ಗಾಳಿಗೆ ಕಿವಿಗೊಡುತ್ತದೆ. ಯಾರೂ ಮಾತನಾಡುತ್ತಿಲ್ಲವೆಂದು ಕಂಡರೂ 50 ಮೈಕ್ರೋಸೆಕೆಂಡು ಸುಮ್ಮನಿರುತ್ತದೆ. ಗದ್ದಲವಿದ್ದರೆ ಅದು ಮುಗಿದ ಮೇಲೆ 0ಯಿಂದ 31ರ ನಡುವಿನ ಒಂದು ಸಂಖ್ಯೆಯನ್ನು ಚೀಟಿ ಎತ್ತಿದಂತೆ ಆರಿಸಿಕೊಂಡು, ಒಂದೊಂದಕ್ಕೆ 20 ಮೈಕ್ರೋಸೆಕೆಂಡಿನಂತೆ ಕೆಳಗೆಣಿಸುತ್ತದೆ. ನಡುವೆ ಬೇರೆ ಯಾರಾದರೂ ಮಾತು ತೆಗೆದರೆ ಎಣಿಕೆಯನ್ನು ಅಲ್ಲಿಗೇ ತಡೆಹಿಡಿಯುತ್ತದೆ. ಸೊನ್ನೆ ಮುಟ್ಟಿದಾಗ ಪ್ಯಾಕೆಟ್ ಹೊರಡುತ್ತದೆ, 10 ಮೈಕ್ರೋಸೆಕೆಂಡಿನ ನಂತರ ರೌಟರ್ ‘ತಲುಪಿತು’ ಎನ್ನುತ್ತದೆ. ಆ ಉತ್ತರ ಬಾರದಿದ್ದರೆ ಚೀಟಿಗಳ ಸಂಖ್ಯೆ ಇಮ್ಮಡಿಯಾಗುತ್ತದೆ. ಅಲೋಹಾನೆಟ್ಟಿನ ಆಕಸ್ಮಿಕ ಕಾಯುವಿಕೆ ಇಲ್ಲಿ ಹಾಗೆಯೇ ಉಳಿದಿದೆ.

ಪೆಟ್ಟಿಗೆಯ ಮೇಲೆ ಅಚ್ಚಾದ ವೇಗ ಕೈಗೆ ಏಕೆ ಸಿಗುವುದಿಲ್ಲ ಎಂಬುದಕ್ಕೆ ಬಹುಪಾಲು ಉತ್ತರ ಈ ಕಾಯುವಿಕೆಯಲ್ಲಿದೆ. ಇನ್ನೊಂದು ಪಾಲು ನಿಧಾನಗತಿಯ ಉಪಕರಣಗಳದು. 1,500 ಬೈಟಿನ ಪ್ಯಾಕೆಟ್ 54 ಮೆಗಾಬಿಟ್ ವೇಗದಲ್ಲಿ ಕಾಲು ಮಿಲಿಸೆಕೆಂಡಿಗೂ ಮೊದಲೇ ಮುಗಿದರೆ, 1 ಮೆಗಾಬಿಟ್ ವೇಗದಲ್ಲಿ 12 ಮಿಲಿಸೆಕೆಂಡು ಗಾಳಿಯನ್ನು ಹಿಡಿದಿಟ್ಟುಕೊಳ್ಳುತ್ತದೆ, ಮತ್ತು ಅಷ್ಟೂ ಹೊತ್ತು ಉಳಿದವರೆಲ್ಲ ಬಾಯಿ ಮುಚ್ಚಿರಬೇಕು. ಸೆಟ್ಟಿಂಗ್ ಪುಟದ ‘ಮೋಡ್’ ಎಂಬ ಸಾಲಿನಲ್ಲಿ 802.11ಬಿಯನ್ನು ಕೈಬಿಡುವ ಆಯ್ಕೆ ಇರುವುದು ಈ ಕಾರಣಕ್ಕೆ. ಅಷ್ಟು ಹಳೆಯ ಉಪಕರಣ ಮನೆಯಲ್ಲಿ ಇಲ್ಲವಾದರೆ ಹಿಂಜರಿಯಬೇಕಿಲ್ಲ.

ಚಾನೆಲಿನ ಸಾಲು ಇದಕ್ಕಿಂತ ಹೆಚ್ಚು ತಪ್ಪು ತಿಳಿವಳಿಕೆಗೆ ಈಡಾಗಿದೆ. 2.4 ಗಿಗಾಹರ್ಟ್ಸ್ ಪಟ್ಟಿಯಲ್ಲಿ ಚಾನೆಲುಗಳ ನಡುವಿನ ಅಂತರ 5 ಮೆಗಾಹರ್ಟ್ಸ್, ಆದರೆ ಪ್ರಸಾರದ ಅಗಲ 20 ಮೆಗಾಹರ್ಟ್ಸ್ ಅಥವಾ ತುಸು ಹೆಚ್ಚು. ಹೀಗಾಗಿ ಒಂದರ ಮೇಲೊಂದು ಏರದೆ ನಿಲ್ಲುವುದು 1, 6 ಮತ್ತು 11 ಮಾತ್ರ. ಅಕ್ಕಪಕ್ಕದವರು ಈ ಮೂರನ್ನೂ ಹಿಡಿದಿದ್ದಾರೆಂದು 3ನ್ನೋ 8ನ್ನೋ ಆರಿಸುವವರು ಖಾಲಿ ಜಾಗ ಸಿಕ್ಕಿತೆಂದು ಭಾವಿಸುತ್ತಾರೆ, ನಡೆಯುವುದು ತದ್ವಿರುದ್ಧ. ಒಂದೇ ಚಾನೆಲಿನಲ್ಲಿರುವ ಎರಡು ಜಾಲಗಳು ಪರಸ್ಪರರ ಮಾತನ್ನು ಗುರುತಿಸಿ ಸರದಿ ಕಾಯುತ್ತವೆ. ಅರೆಬರೆ ಒತ್ತಿಕೊಂಡಿರುವ ಜಾಲಗಳಿಗೆ ಇನ್ನೊಬ್ಬರ ಮಾತು ಮಾತಾಗಿ ಅಲ್ಲ, ಬರೀ ಗದ್ದಲವಾಗಿ ಕೇಳುತ್ತದೆ. ಒಂದೇ ಚಾನೆಲನ್ನು ಕಡಿಮೆ ಗದ್ದಲದ ನೆರೆಯವರೊಂದಿಗೆ ಹಂಚಿಕೊಳ್ಳುವುದೇ ಲೇಸು. ಈ ಪಟ್ಟಿಯಲ್ಲಿ 40 ಮೆಗಾಹರ್ಟ್ಸ್ ಅಗಲವನ್ನು ಆರಿಸುವುದಂತೂ ಕಿರಿದಾದ ಓಣಿಯಲ್ಲಿ ಎರಡು ಪಥ ಹಿಡಿದು ಗಾಡಿ ಓಡಿಸಿದಂತೆ.

5 ಗಿಗಾಹರ್ಟ್ಸ್ ಪಟ್ಟಿ ವಿಶಾಲವಾಗಿದೆ, ಆದರೆ ಅಲ್ಲಿನ ಕೆಲವು ಚಾನೆಲುಗಳಲ್ಲಿ ಹವಾಮಾನ ರೇಡಾರ್‌ನಂಥ ಹಳೆಯ ಹಕ್ಕುದಾರರಿದ್ದಾರೆ. ಅಂಥ ಚಾನೆಲಿಗೆ ಕಾಲಿಡುವ ಮೊದಲು ರೌಟರ್ ಸಾಮಾನ್ಯವಾಗಿ 60 ಸೆಕೆಂಡು ಸುಮ್ಮನೆ ಆಲಿಸಬೇಕು, ಬಳಸುತ್ತಿರುವಾಗ ರೇಡಾರ್ ಕೇಳಿಸಿದರೆ ಜಾಗ ಖಾಲಿ ಮಾಡಬೇಕು. ವಿದ್ಯುತ್ ಬಂದ ಮೇಲೆ 5 ಗಿಗಾಹರ್ಟ್ಸ್ ಜಾಲ ನಿಮಿಷ ತಡವಾಗಿ ಕಾಣಿಸಿಕೊಂಡರೆ ರೌಟರ್ ಕೆಟ್ಟಿದೆ ಎಂದು ಅರ್ಥವಲ್ಲ.

ಗೋಡೆಗಳ ಸಮಸ್ಯೆಗೆ ಬಂದ ಪರಿಹಾರವೇ ಈ ಇತಿಹಾಸದಲ್ಲಿ ನನಗೆ ಅತ್ಯಂತ ಸೊಗಸಾಗಿ ತೋರುವ ಭಾಗ. ಕೋಣೆಯೊಳಗೆ ತರಂಗವು ಗೋಡೆ, ಕಪಾಟು, ಕನ್ನಡಿಗಳಿಗೆ ಬಡಿದು ಹಲವು ದಾರಿಗಳಲ್ಲಿ ತುಸು ಮುಂದೆಹಿಂದೆ ತಲುಪುತ್ತದೆ. ವೇಗ ಹೆಚ್ಚಿದಂತೆ ಒಂದು ಬಿಟ್ಟಿನ ಪ್ರತಿಧ್ವನಿ ಮುಂದಿನ ಬಿಟ್ಟಿನ ಮೇಲೆ ಬಂದು ಬೀಳುತ್ತದೆ. ಆಸ್ಟ್ರೇಲಿಯದ ಸಿಎಸ್‌ಐಆರ್‌ಒ ಸಂಸ್ಥೆಯಲ್ಲಿ, ಖಗೋಳ ರೇಡಿಯೊ ಸಂಕೇತಗಳ ಅಧ್ಯಯನದ ಹಿನ್ನೆಲೆಯಿದ್ದ ಜಾನ್ ಒ’ಸಲಿವನ್ ಮತ್ತು ಸಂಗಡಿಗರು ಇದರ ಬೆನ್ನು ಹತ್ತಿ 1996ರಲ್ಲಿ ಅಮೆರಿಕದ ಪೇಟೆಂಟ್ ಪಡೆದರು. ದತ್ತಾಂಶವನ್ನು ಒಂದೇ ವೇಗದ ಧಾರೆಯಾಗಿ ಕಳುಹಿಸದೆ ಹಲವು ನಿಧಾನ ಧಾರೆಗಳಾಗಿ ಒಡೆದು ಒಟ್ಟಿಗೆ ಕಳುಹಿಸಿದರೆ, ಪ್ರತಿಧ್ವನಿ ಅಡಗುವಷ್ಟು ಬಿಡುವು ಪ್ರತಿ ಧಾರೆಯಲ್ಲೂ ಸಿಗುತ್ತದೆ. 1999ರ 802.11ಎ ಇಂಥ 52 ಉಪಧಾರೆಗಳ ಮೇಲೆ 54 ಮೆಗಾಬಿಟ್ ಮುಟ್ಟಿತು. 2009ರ 802.11ಎನ್ ಇನ್ನೊಂದು ಹೆಜ್ಜೆ ಮುಂದೆ ಹೋಗಿ, ಹಲವು ಆಂಟೆನಾಗಳ ನೆರವಿನಿಂದ ಬೇರೆ ಬೇರೆ ದಾರಿಗಳಲ್ಲಿ ಬೇರೆ ಬೇರೆ ದತ್ತಾಂಶವನ್ನೇ ಕಳುಹಿಸಿತು. ಕಾಟ ಕೊಡುತ್ತಿದ್ದ ಪ್ರತಿಧ್ವನಿಯೇ ಬಂಡವಾಳವಾಯಿತು.

ಇಷ್ಟಾದರೂ ರೌಟರನ್ನು ಲೋಹದ ಕಪಾಟಿನ ಹಿಂದೆ ಬಚ್ಚಿಟ್ಟರೆ ಯಾವ ಪೇಟೆಂಟೂ ಕಾಪಾಡದು. ಬಯಲಿನಲ್ಲೇ ದೂರ ಇಮ್ಮಡಿಯಾದರೆ ಸಿಗುವ ಶಕ್ತಿ ಕಾಲುಭಾಗಕ್ಕೆ ಇಳಿಯುತ್ತದೆ, ಕಾಂಕ್ರೀಟು ಗೋಡೆಯ ಲೆಕ್ಕ ಬೇರೆ. ರೌಟರಿನ ಶಕ್ತಿಯನ್ನು ಹೆಚ್ಚಿಸಿದರೆ ಫೋನಿನಲ್ಲಿ ಸಿಗ್ನಲ್ ಗೆರೆಗಳು ತುಂಬಿ ಕಾಣುತ್ತವೆ, ಆದರೆ ಫೋನಿನ ಸಣ್ಣ ರೇಡಿಯೊ ಕೊಡುವ ಉತ್ತರ ರೌಟರಿಗೆ ಕೇಳಿಸಬೇಕಲ್ಲ! ಮನೆಯ ನಡುಭಾಗದಲ್ಲಿ, ಎತ್ತರದಲ್ಲಿ, ತೆರೆದ ಜಾಗದಲ್ಲಿ ಇಡುವುದು ಮೊದಲ ಕೆಲಸ. ದೊಡ್ಡ ಮನೆಗೆ ಎರಡನೆಯ ಪ್ರಸಾರ ಬಿಂದು ಬೇಕಾದರೆ ಅದನ್ನು ಕೇಬಲಿನಿಂದ ಜೋಡಿಸುವುದು ಎರಡನೆಯದು. ಅದೇ ಚಾನೆಲಿನಲ್ಲಿ ಕೇಳಿ ಅಲ್ಲೇ ಮರುನುಡಿಯುವ ರಿಪೀಟರ್ ಪ್ರತಿ ಮಾತಿಗೂ ಎರಡು ಸಲ ಗಾಳಿಯನ್ನು ಬಳಸುತ್ತದೆ.

ಭದ್ರತೆಯ ಸಾಲಿನಲ್ಲಿ ಇತಿಹಾಸ ಅಷ್ಟು ಹೆಮ್ಮೆಯದಲ್ಲ. 1997ರ ಮಾನದಂಡದೊಂದಿಗೆ ಬಂದ ಡಬ್ಲ್ಯುಇಪಿ, ತಂತಿಗೆ ಸಮನಾದ ಗೋಪ್ಯತೆಯ ಮಾತನ್ನು ಹೆಸರಿನಲ್ಲೇ ಹೊತ್ತಿತ್ತು. ಪ್ರತಿ ಪ್ಯಾಕೆಟ್ಟಿಗೂ ಬದಲಾಗಬೇಕಿದ್ದ ಅದರ ಆರಂಭಿಕ ಸಂಖ್ಯೆ ಬರೀ 24 ಬಿಟ್ಟಿನದು, ಎಂದರೆ ಸುಮಾರು 1.68 ಕೋಟಿ ಸಾಧ್ಯತೆಗಳು. ಬಿಡುವಿಲ್ಲದ ಜಾಲದಲ್ಲಿ ಅವು ಬೇಗ ಮುಗಿದು ಮರುಕಳಿಸುತ್ತಿದ್ದವು. 2001ರಲ್ಲಿ ಗೂಢಲಿಪಿ ತಜ್ಞರಾದ ಫ್ಲೂರರ್, ಮಾಂಟಿನ್ ಮತ್ತು ಶಮೀರ್ ಅದರ ಗೂಢಲಿಪಿಯ ಬಳಕೆಯಲ್ಲೇ ಇದ್ದ ಬಿರುಕನ್ನು ತೋರಿಸಿದ ಮೇಲೆ, ಪ್ಯಾಕೆಟ್ಟುಗಳನ್ನು ಕೂಡಿಹಾಕಿ ಕೀಲಿಯನ್ನು ಹೊರತೆಗೆಯುವುದು ಸಾಧ್ಯವಾಯಿತು. 2003ರ ಡಬ್ಲ್ಯುಪಿಎ ಹಳೆಯ ಯಂತ್ರಗಳಿಗೆ ಹಾಕಿದ ತೇಪೆ. 2004ರ ಡಬ್ಲ್ಯುಪಿಎ2 ಹೊಸ ಬಟ್ಟೆ. ಅದರಲ್ಲೂ ಭದ್ರತಾ ಸಂಶೋಧಕ ಮ್ಯಾಥಿ ವಾನ್‌ಹೂಫ್ 2017ರಲ್ಲಿ ದೋಷವೊಂದನ್ನು ಬಯಲಿಗೆಳೆದರು, ಮರುವರ್ಷ ಡಬ್ಲ್ಯುಪಿಎ3 ಬಂತು.

ಅಪ್ಪಟ ಎಡವಟ್ಟು ಎಂದದ್ದು ಡಬ್ಲ್ಯುಪಿಎಸ್ ಬಗ್ಗೆ. ಉದ್ದದ ಪಾಸ್‌ವರ್ಡಿನ ಕಷ್ಟ ತಪ್ಪಿಸಲು ಎಂಟು ಅಂಕಿಗಳ ಪಿನ್ ಕೊಟ್ಟರು. ಕೊನೆಯ ಅಂಕಿ ಉಳಿದವುಗಳ ತಾಳೆ ನೋಡಲು ಮಾತ್ರ, ಹಾಗಾಗಿ ಒಂದು ಕೋಟಿ ಸಾಧ್ಯತೆಗಳು ಉಳಿಯಬೇಕಿತ್ತು. ಆದರೆ ಮೊದಲ ನಾಲ್ಕು ಅಂಕಿ ಸರಿಯೋ ತಪ್ಪೋ ಎಂಬುದನ್ನು ರೌಟರ್ ಬೇರೆಯಾಗಿಯೇ ಹೇಳಿಬಿಡುತ್ತಿತ್ತು. ಮೊದಲ ನಾಲ್ಕು ಅಂಕಿಗಳ ಹತ್ತು ಸಾವಿರಕ್ಕೆ ಉಳಿದ ಮೂರರ ಒಂದು ಸಾವಿರ ಕೂಡಿಸಿದರೆ 11,000. ಒಂದು ಕೋಟಿಯ ಬೀಗ ಅಷ್ಟಕ್ಕೆ ಇಳಿದದ್ದು 2011ರ ಕೊನೆಯಲ್ಲಿ ಬಹಿರಂಗವಾಯಿತು. ಆ ಪಿನ್ ಸೌಲಭ್ಯವನ್ನು ಬಂದ್ ಮಾಡಿ, ಡಬ್ಲ್ಯುಪಿಎ3 ಅಥವಾ ಡಬ್ಲ್ಯುಪಿಎ2ನ್ನು ಆಯ್ದು, ಉದ್ದನೆಯ ಪಾಸ್‌ವರ್ಡ್ ಕೊಟ್ಟು, ರೌಟರಿನ ಆಡಳಿತ ಪುಟಕ್ಕಿರುವ ಕಾರ್ಖಾನೆಯ ಪಾಸ್‌ವರ್ಡನ್ನೂ ಬದಲಿಸಿದರೆ ಮನೆಯ ಜಾಲಕ್ಕೆ ಬೇಕಾದ ಭದ್ರತೆಯ ಬಹುಪಾಲು ಮುಗಿಯಿತು. ಜಾಲದ ಹೆಸರನ್ನು ಮರೆಮಾಡುವುದರಿಂದ ಬೀಳುವ ತೊಂದರೆ ನಿಮ್ಮ ಅತಿಥಿಗಳಿಗೆ ಹೊರತು ಕಳ್ಳರಿಗಲ್ಲ.

2020ರಲ್ಲಿ ಎಫ್‌ಸಿಸಿ 6 ಗಿಗಾಹರ್ಟ್ಸ್‌ನ 1,200 ಮೆಗಾಹರ್ಟ್ಸ್ ಅಗಲದ ಪಟ್ಟಿಯನ್ನು ಪರವಾನಗಿಯಿಲ್ಲದ ಬಳಕೆಗೆ ತೆರೆಯಿತು. ಅಲ್ಲಿ ಹಳೆಯ ಉಪಕರಣಗಳಿಗೆ ಪ್ರವೇಶವಿಲ್ಲ, ಪಾಸ್‌ವರ್ಡಿನ ಜಾಲಗಳಿಗೆ ಡಬ್ಲ್ಯುಪಿಎ3 ಕಡ್ಡಾಯ. ವೈಫೈ 6 ಎಂದು ಕರೆಸಿಕೊಳ್ಳುವ 802.11ಎಎಕ್ಸ್‌ನಲ್ಲಿ ರೌಟರ್ ತಾನೇ ಮುಂದಾಗಿ, ಒಂದೇ ಚಾನೆಲಿನ ಉಪಧಾರೆಗಳನ್ನು ಹಲವು ಉಪಕರಣಗಳಿಗೆ ಹಂಚಿ, ಇಂಥ ಹೊತ್ತಿಗೆ ಇಂಥವರು ಮಾತನಾಡಿ ಎಂದು ಅಪ್ಪಣೆ ಕೊಡಬಲ್ಲದು. ಅಲೋಹಾನೆಟ್ಟಿನಲ್ಲಿ ಇಲ್ಲದಿದ್ದ ಯಜಮಾನ ಕೊನೆಗೂ ಬಂದಂತಾಯಿತು. ಆದರೆ ಆ ಅಪ್ಪಣೆಯನ್ನು ಹೊರಡಿಸುವ ಮೊದಲು ರೌಟರ್ ಕೂಡ ಗಾಳಿಗೆ ಕಿವಿಗೊಟ್ಟು, ಚೀಟಿ ಎತ್ತಿ, ತನ್ನ ಎಣಿಕೆ ಸೊನ್ನೆಗೆ ಬರುವವರೆಗೆ ಕಾಯುತ್ತದೆ.