ಸರ್ಮೇಷಿಯನ್ನರು: ತಲೆ ಯಾವ ದಿಕ್ಕಿಗೆ?

ಮೂರು ದಿನ ಈ ಒಂದೇ ಅಧ್ಯಾಯದ ಮುಂದೆ ಕೂತಿದ್ದೆ. ಓದುವಾಗ ಎಲ್ಲ ಅರ್ಥವಾಗುತ್ತಿತ್ತು, ಪುಸ್ತಕ ಮುಚ್ಚಿದ ಕೂಡಲೇ ಕಲಸುಮೇಲೋಗರ. ನಿನ್ನೆ ರಾತ್ರಿ ಗಂಟು ಬಿಚ್ಚಿತು. ಮರೆಯುವ ಮುಂಚೆ ಬರೆದಿಡುತ್ತಿದ್ದೇನೆ.

ಸುಲಭದ್ದು ಮೊದಲು. ಸರ್ಮೇಷಿಯನ್ನರು ಕುದುರೆ, ಕುರಿ, ದನ ಸಾಕುತ್ತಿದ್ದ ಅಲೆಮಾರಿಗಳು. ಇರಾನಿ ಬಳಗದ ಭಾಷೆ. ಮನೆ ಅಂದರೆ ಗಾಡಿ ಮತ್ತು ಒತ್ತಿದ ಉಣ್ಣೆಯ ಡೇರೆ. ಯುರಾಲ್, ವೋಲ್ಗಾ, ಡಾನ್, ನೀಪರ್, ಡ್ಯಾನ್ಯೂಬ್: ನದಿಗಳನ್ನು ಈ ಕ್ರಮದಲ್ಲಿ ನೆನಪಿಟ್ಟರೆ ಪೂರ್ವದಿಂದ ಪಶ್ಚಿಮಕ್ಕೆ ಅವರು ಸರಿದುಬಂದ ದಾರಿಯೇ ಸಿಗುತ್ತದೆ. ಸಿಥಿಯನ್ನರು ಇವರ ನೆಂಟರು, ಆಮೇಲೆ ಅವರ ಹುಲ್ಲುಗಾವಲಿಗೆ ಇವರೇ ಒಡೆಯರಾದರು. ನಮ್ಮ ಪಂಚಾಂಗದ ಶಾಲಿವಾಹನ ಶಕೆ ಇದೆಯಲ್ಲ, ಅದರ ‘ಶಕ’ರೂ ಇದೇ ದೊಡ್ಡ ಬಳಗದ ಇನ್ನೊಂದು ಕವಲು.

ಈಗ ನಾನು ಎಡವಿದ ಜಾಗ. ನನ್ನ ನೋಟ್ಸಿನಲ್ಲಿ ಒಂದು ಕಡೆ ‘ಸೌರೋಮೇಟರು’, ಇನ್ನೊಂದು ಕಡೆ ‘ಸರ್ಮೇಷಿಯನ್ನರು’ ಅಂತಿತ್ತು. ನಾನೇ ತಪ್ಪು ಬರೆದುಕೊಂಡಿದ್ದೇನೆ ಅಂದುಕೊಂಡು ಒಂದನ್ನು ಹೊಡೆದುಹಾಕಿದೆ! ಆಮೇಲೆ ಪ್ರೊಖೊರೋವ್ಕಾ ಬಂತು. ಅದೊಂದು ಬುಡಕಟ್ಟು ಅಂದುಕೊಂಡು, ಇವರು ರೋಕ್ಸೊಲಾನರ ಜೊತೆ ಯಾವಾಗ ಯುದ್ಧ ಮಾಡಿದರು ಅಂತ ಹುಡುಕಿದೆ. ಸಿಗಲಿಲ್ಲ. ಸಿಗುವುದೂ ಇಲ್ಲ.

ಯಾಕೆಂದರೆ ಇಲ್ಲಿ ಎರಡು ಡಬ್ಬಿಗಳಿವೆ. ಮೊದಲ ಡಬ್ಬಿಯಲ್ಲಿ ಗ್ರೀಕರು, ರೋಮನ್ನರು ಬರೆದಿಟ್ಟ ಹೆಸರುಗಳು: ಅಯೋರ್ಸಿ, ಸಿರಾಕ್, ಇಯಾಜಿಗ್, ರೋಕ್ಸೊಲಾನ್, ಅಲಾನ್. ಇವು ಬುಡಕಟ್ಟುಗಳು. ಎರಡನೇ ಡಬ್ಬಿಯಲ್ಲಿ ಅಗೆತದವರು ಗೋರಿಗಳನ್ನು ನೋಡಿ ಕೊಟ್ಟ ಹೆಸರುಗಳು. ಪ್ರೊಖೊರೋವ್ಕಾ ಅನ್ನುವುದು ರಷ್ಯಾದ ಒರೆನ್‌ಬುರ್ಗ್ ಕಡೆಯ ಒಂದು ಹಳ್ಳಿ. ಅಲ್ಲಿನ ದಿಬ್ಬಗಳಲ್ಲಿ ಸಿಕ್ಕ ಗೋರಿಗಳಿಂದ ಒಂದು ಕಾಲಘಟ್ಟಕ್ಕೇ ಆ ಹೆಸರು ಬಂತು. ಆ ಜನ ತಮ್ಮನ್ನು ಹಾಗೆ ಕರೆದುಕೊಳ್ಳಲಿಲ್ಲ. ಒಂದು ಡಬ್ಬಿಯ ಹೆಸರನ್ನು ಇನ್ನೊಂದರ ಹೆಸರಿಗೆ ಸುಮ್ನೆ ಅಂಟಿಸಬಾರದು. ಇಷ್ಟು ಹೊಳೆಯಲು ನನಗೆ ಮೂರು ದಿನ ಬೇಕಾಯಿತು.

ತಂಟೆ ಮಾಡುವುದು ‘ಸೌರೋಮೇಟ’ ಒಂದೇ. ಅದು ಎರಡೂ ಡಬ್ಬಿಯಲ್ಲಿದೆ. ಕ್ರಿ.ಪೂ. 5ನೇ ಶತಮಾನದಲ್ಲಿ ಗ್ರೀಕ್ ಇತಿಹಾಸಕಾರ ಹೆರೊಡೋಟಸ್ ಡಾನ್ ನದಿಯ ಆಚೆಗಿನವರನ್ನು ಹಾಗೆ ಕರೆದ. ಅಗೆತದವರು ಅದೇ ಹೆಸರನ್ನು ಎತ್ತಿಕೊಂಡು ಎಲ್ಲಕ್ಕಿಂತ ಹಳೆಯ ಗೋರಿಗಳಿಗೆ ಇಟ್ಟರು. ಹಾಗಾಗಿ ಈ ಪದ ಕಂಡಾಗಲೆಲ್ಲ ಮಾತಾಡುತ್ತಿರುವುದು ಹೆರೊಡೋಟಸನೋ ಗುದ್ದಲಿಯೋ ಅಂತ ಕೇಳಿಕೊಳ್ಳಿ.

ಗುದ್ದಲಿಯ ಡಬ್ಬಿಯಲ್ಲಿ ನಾಲ್ಕು ಕಾಲಘಟ್ಟಗಳಿವೆ. ಈ ವಿಂಗಡಣೆಯನ್ನು 1947ರಲ್ಲಿ ಕೊಟ್ಟವರು ಸೋವಿಯತ್ ಪುರಾತತ್ವಜ್ಞ ಬೋರಿಸ್ ಗ್ರಾಕೋವ್. ಇಸವಿ ಬಾಯಿಪಾಠ ಮಾಡಬೇಡಿ. ಹೆಣದ ತಲೆ ಯಾವ ದಿಕ್ಕಿಗಿದೆ ನೋಡಿ, ಸಾಕು.

ಮೊದಲನೆಯದು ಸೌರೋಮೇಟ ಕಾಲ, ಸುಮಾರು ಕ್ರಿ.ಪೂ. 6ರಿಂದ 4ನೇ ಶತಮಾನ. ತಲೆ ಪಶ್ಚಿಮಕ್ಕೆ. ಎರಡನೆಯದು ಆರಂಭದ ಸರ್ಮೇಷಿಯನ್ ಕಾಲ, ಅದೇ ಪ್ರೊಖೊರೋವ್ಕಾ. ತಲೆ ದಕ್ಷಿಣಕ್ಕೆ ತಿರುಗಿತು. ಮೂರನೆಯದು ನಡುಗಾಲ, ಕ್ರಿಸ್ತಶಕದ ಆರಂಭದ ಆಸುಪಾಸು. ಆಗಲೂ ದಕ್ಷಿಣವೇ. ಹಾಗಾದರೆ ಎರಡು ಮತ್ತು ಮೂರಕ್ಕೆ ವ್ಯತ್ಯಾಸ ಏನು? ಮೂರನೆಯದರಲ್ಲಿ ಚೌಕ ಗುಂಡಿ ತೋಡಿ ಹೆಣವನ್ನು ಮೂಲೆಯಿಂದ ಮೂಲೆಗೆ ಮಲಗಿಸುವುದು ಜಾಸ್ತಿ ಕಾಣುತ್ತದೆ. ನಾಲ್ಕನೆಯದು ಕೊನೆಗಾಲ, ಕ್ರಿ.ಶ. 2ರಿಂದ 4ನೇ ಶತಮಾನ. ತಲೆ ಉತ್ತರಕ್ಕೆ.

ನನ್ನ ಉಪಾಯ ಇದು. ಉತ್ತರಕ್ಕೆ ತಲೆ ಹಾಕಿ ಮಲಗಿದರೆ ನಮ್ಮಜ್ಜಿ ಎಬ್ಬಿಸಿ ಬೈಯುತ್ತಿದ್ದರು. ದಕ್ಷಿಣಕ್ಕೆ ಹಾಕಿದರೆ ಸುಮ್ಮನಿರುತ್ತಿದ್ದರು. ಅಂದರೆ ನಡುವಿನ ಇಬ್ಬರು ಅಜ್ಜಿ ಒಪ್ಪುವವರು, ಕೊನೆಯವರು ಬೈಸಿಕೊಳ್ಳುವವರು. ಈ ಕೊನೆಯವರಲ್ಲೇ ಮಕ್ಕಳ ತಲೆಗೆ ಬಿಗಿಯಾಗಿ ಪಟ್ಟಿ ಸುತ್ತಿ ತಲೆಬುರುಡೆಯನ್ನು ಉದ್ದ ಮಾಡುವ ರೂಢಿ ಹರಡಿತು. ಅಜ್ಜಿ ಅದಕ್ಕೂ ಬೈಯುತ್ತಿದ್ದರು, ಅಲ್ವಾ? ಪ್ರತಿ ಗೋರಿಯೂ ಈ ಲೆಕ್ಕಕ್ಕೆ ಕೂರುವುದಿಲ್ಲ, ಆದರೆ ನಕ್ಷೆ ನೋಡಿ ಕಾಲ ಹೇಳು ಅಂದರೆ ಶುರು ಮಾಡಲು ಇದು ಸಾಕು.

ಹೆಣ್ಣುಮಕ್ಕಳ ವಿಷಯ ಎಲ್ಲರಿಗೂ ಇಷ್ಟ, ಅದಕ್ಕೇ ಎಚ್ಚರ ಬೇಕು. ಗ್ರೀಕ್ ಕಥೆಗಳಲ್ಲಿ ಬರುವ ಯೋಧೆಯರಾದ ಅಮೆಜಾನ್ ಹೆಣ್ಣುಗಳು ಸಿಥಿಯನ್ ಹುಡುಗರನ್ನು ಮದುವೆಯಾಗಿ ಡಾನ್ ದಾಟಿದರು, ಅವರ ಮಕ್ಕಳೇ ಸೌರೋಮೇಟರು ಅನ್ನುತ್ತಾನೆ ಹೆರೊಡೋಟಸ್. ಶತ್ರುವೊಬ್ಬನನ್ನು ಕೊಲ್ಲದೆ ಅಲ್ಲಿ ಹುಡುಗಿಗೆ ಮದುವೆ ಇಲ್ಲವಂತೆ. ಅವರ ಭಾಷೆ ಕೆಟ್ಟ ಸಿಥಿಯನ್, ಯಾಕೆಂದರೆ ಅಮೆಜಾನರು ಸರಿಯಾಗಿ ಕಲಿಯಲೇ ಇಲ್ಲವಂತೆ! ಇದು ಕಥೆ. ಆದರೆ ಗುದ್ದಲಿಯ ಡಬ್ಬಿಯಲ್ಲೂ ಬಾಣ, ಕತ್ತಿಗಳ ಜೊತೆ ಹೂತ ಹೆಣ್ಣುಗಳಿದ್ದಾರೆ, ಮುಖ್ಯವಾಗಿ ಮೊದಲ ಎರಡು ಕಾಲಗಳಲ್ಲಿ. ಅಮೆಜಾನರನ್ನು ಅದು ಸಾಬೀತು ಮಾಡುವುದಿಲ್ಲ. ಕಥೆ ಪೂರ್ತಿ ಗಾಳಿಯಿಂದ ಹುಟ್ಟಿದ್ದಲ್ಲ ಅನ್ನುವಷ್ಟಕ್ಕೆ ಸಾಕು.

ಚಿನ್ನಕ್ಕೆ ಒಂದೇ ಉದಾಹರಣೆ: 1864ರಲ್ಲಿ ರಷ್ಯಾದ ನೊವೊಚೆರ್ಕಾಸ್ಕ್‌ನ ಖೊಖ್ಲಾಚ್ ದಿಬ್ಬದಲ್ಲಿ ಸಿಕ್ಕ ಕಿರೀಟ. ಮೇಲ್ತುದಿಯಲ್ಲಿ ಮರಗಳು, ಕೊಂಬಿನ ಪ್ರಾಣಿಗಳು, ಎದುರಿಗೆ ಗ್ರೀಕ್ ಶೈಲಿಯ ಹೆಣ್ಣಿನ ಮುಖ. ಇದು ನಡುಗಾಲದ್ದು.

ಯುದ್ಧಕ್ಕೆ ಎರಡು ಇಸವಿ ಇಟ್ಟುಕೊಳ್ಳಿ. ಕ್ರಿ.ಶ. 69: ರೋಕ್ಸೊಲಾನರ 9,000 ಸವಾರರು ರೋಮನ್ನರ ಮೋಯೇಷಿಯಾ ಪ್ರಾಂತ್ಯಕ್ಕೆ ನುಗ್ಗಿ ಸೋತರು. ಕಾರಣ ಕೆಸರು. ಮಂಜು ಕರಗಿ ಕುದುರೆಗಳು ಜಾರಿದವು, ಕಬ್ಬಿಣದ ಪಟ್ಟಿ, ಗಟ್ಟಿ ಚರ್ಮದ ಕವಚ ತೊಟ್ಟವರು ಬಿದ್ದರೆ ಏಳಲಾಗಲಿಲ್ಲ ಅಂತ ರೋಮನ್ ಇತಿಹಾಸಕಾರ ಟ್ಯಾಸಿಟಸ್ ಬರೆಯುತ್ತಾನೆ. ಕ್ರಿ.ಶ. 175: ಇಯಾಜಿಗರು ರೋಮನ್ ಚಕ್ರವರ್ತಿ ಮಾರ್ಕಸ್ ಆರೇಲಿಯಸ್‌ಗೆ 8,000 ಸವಾರರನ್ನು ಕೊಟ್ಟರು, ಅವರಲ್ಲಿ 5,500 ಜನರನ್ನು ಬ್ರಿಟನ್ನಿಗೆ ಕಳಿಸಲಾಯಿತು.

4ನೇ ಶತಮಾನದ ಕೊನೆಗೆ ಹೂಣರು ಬಂದರು. ಅಲಾನರಲ್ಲಿ ಒಂದಷ್ಟು ಜನ ಜರ್ಮನಿಕ್ ಬುಡಕಟ್ಟಿನ ವ್ಯಾಂಡಲರ ಜೊತೆ ಆಫ್ರಿಕಾದವರೆಗೂ ಹೋದರು, ಇನ್ನು ಕೆಲವರು ಕಾಕಸಸ್ ಬೆಟ್ಟ ಸೇರಿದರು. ಅವರ ಭಾಷೆಯ ಕುಡಿಯೇ ಇವತ್ತಿನ ಒಸ್ಸೆಟಿಯನ್. ಡಾನ್ ಹೆಸರೂ ಅದೇ ಬಳಗದ ಪದ. ಮಲೆನಾಡಿನಲ್ಲಿ ಊರ ಪಕ್ಕದ ನದಿಗೆ ಬರೀ ‘ಹೊಳೆ’ ಅನ್ನುತ್ತಾರಲ್ಲ, ಹಾಗೆಯೇ. ಒಸ್ಸೆಟಿಯನ್ನರು ಈಗಲೂ ನದಿಗೆ ‘ದೋನ್’ ಅನ್ನುತ್ತಾರೆ, ಲೋಟದಲ್ಲಿರುವ ನೀರಿಗೂ.