ಕಾರಣ ಕೇಳಬಾರದು, ಆದರೆ ಒಂದು ಕಾರಣಕ್ಕೆ ಬಿಡಬಾರದು: ಗರ್ಭಪಾತದ ಹಕ್ಕು ಮತ್ತು ಲಿಂಗ ಪತ್ತೆಯ ಕುರಿತು ಅಧ್ಯಯನ ಟಿಪ್ಪಣಿ

ಮಹಿಳಾ ಅಧ್ಯಯನದ ಆಂತರಿಕ ಪರೀಕ್ಷೆಯಲ್ಲಿ ನಾನು ಬರೆದ ಉತ್ತರದ ಎರಡು ವಾಕ್ಯಗಳ ಕೆಳಗೆ ಮೇಡಂ ಕೆಂಪು ಗೆರೆ ಎಳೆದು, ಎರಡನ್ನೂ ಒಂದು ಬಾಣದಿಂದ ಜೋಡಿಸಿ, ಅಂಚಿನಲ್ಲಿ ಬರೀ ಒಂದು ಪ್ರಶ್ನಾರ್ಥಕ ಚಿಹ್ನೆ ಹಾಕಿದ್ದರು. ಮೊದಲನೆಯ ವಾಕ್ಯ ಹೀಗಿತ್ತು: ‘ಗರ್ಭವನ್ನು ಮುಂದುವರಿಸಬೇಕೇ ಬೇಡವೇ ಎಂಬ ತೀರ್ಮಾನ ಹೆಂಗಸಿನದೇ, ಅದಕ್ಕೆ ಅವಳು ಯಾರಿಗೂ ಕಾರಣ ಹೇಳಬೇಕಾಗಿಲ್ಲ.’ ಎರಡನೆಯದು: ‘ಹೆಣ್ಣೆಂಬ ಕಾರಣಕ್ಕೆ ಮಾಡಿಸುವ ಗರ್ಭಪಾತವನ್ನು ಕಾನೂನು ತಡೆಯಬೇಕು.’ ಕಾರಣವನ್ನೇ ಕೇಳಬಾರದು ಎಂದ ಮೇಲೆ ಒಂದು ಕಾರಣವನ್ನು ಮಾತ್ರ ತಡೆಯುವುದು ಹೇಗೆ ಎಂಬುದು ಆ ಚಿಹ್ನೆಯ ಅರ್ಥ ಎಂದು ಹೊಳೆಯಲು ನನಗೆ ಎರಡು ದಿನ ಬೇಕಾಯಿತು. ಎರಡೂ ವಾಕ್ಯಗಳನ್ನು ಈಗಲೂ ನಾನು ಒಪ್ಪುತ್ತೇನೆ. ಅವು ಒಟ್ಟಿಗೆ ಹೇಗೆ ನಿಲ್ಲುತ್ತವೆ, ಎಲ್ಲಿ ನಿಲ್ಲುವುದಿಲ್ಲ ಎಂಬುದನ್ನು ಮರೆಯುವ ಮೊದಲೇ ಬರೆದಿಟ್ಟುಕೊಳ್ಳುವುದಕ್ಕಾಗಿ ಈ ಟಿಪ್ಪಣಿ.

ಎರಡು ಕಾಯ್ದೆಗಳು

ಇದು ಎಲ್ಲ ಪಠ್ಯಗಳಲ್ಲೂ ಸಿಗುವುದರಿಂದ ಬೇಗ ಮುಗಿಸುತ್ತೇನೆ. ಎಂಟಿಪಿ ಎಂದೇ ಎಲ್ಲರೂ ಕರೆಯುವ ವೈದ್ಯಕೀಯ ಗರ್ಭಪಾತ ಕಾಯ್ದೆ 1971ರದು. ಅದು ಬಂದದ್ದು ಮಹಿಳಾ ಚಳವಳಿಯ ಬೇಡಿಕೆಯಿಂದಲ್ಲ. ಅಸುರಕ್ಷಿತ ಗರ್ಭಪಾತದ ಸಾವುಗಳ ಬಗೆಗಿನ ಕಳವಳ ಮತ್ತು ಜನಸಂಖ್ಯಾ ನಿಯಂತ್ರಣದ ಕಾಲದ ಲೆಕ್ಕಾಚಾರ ಸೇರಿ ಅದನ್ನು ತಂದವು. ಆದ್ದರಿಂದಲೇ ಅದರಲ್ಲಿ ಹೆಂಗಸಿನ ಹಕ್ಕು ಎಂಬ ಮಾತಿಲ್ಲ, ವೈದ್ಯರ ಅಭಿಪ್ರಾಯ ಎಂಬ ಮಾತಿದೆ. ಗರ್ಭಪಾತ ಇಂದಿಗೂ ದಂಡ ಸಂಹಿತೆಯಲ್ಲಿ ಅಪರಾಧವೇ, ಗರ್ಭಿಣಿ ತಾನೇ ಮಾಡಿಕೊಂಡರೂ ಅಪರಾಧವೇ. ಎಂಟಿಪಿ ಅದಕ್ಕೊಂದು ವಿನಾಯಿತಿ ಮಾತ್ರ. 2021ರ ತಿದ್ದುಪಡಿಯಲ್ಲಿ ಒಬ್ಬ ವೈದ್ಯರ ಅಭಿಪ್ರಾಯದ ಮೇಲೆ 20 ವಾರದವರೆಗೆ, ಕೆಲವು ವರ್ಗದ ಹೆಂಗಸರಿಗೆ ಇಬ್ಬರು ವೈದ್ಯರ ಅಭಿಪ್ರಾಯದ ಮೇಲೆ 24 ವಾರದವರೆಗೆ ಅವಕಾಶ ಸಿಕ್ಕಿತು. ‘ಪತಿ’ ಎಂದಿದ್ದ ಕಡೆ ‘ಸಂಗಾತಿ’ ಬಂತು.

ಇನ್ನೊಂದು, ಅಂದರೆ ಲಿಂಗ ಪತ್ತೆಯನ್ನು ತಡೆಯುವ ಕಾಯ್ದೆ. ಅದರ ಕಥೆ ಬೇರೆ. 1970ರ ದಶಕದ ನಡುವಿನಲ್ಲಿ ದೆಹಲಿಯ ಏಮ್ಸ್ ಆಸ್ಪತ್ರೆಯಲ್ಲಿ ಭ್ರೂಣದ ದೋಷ ಪತ್ತೆಗೆಂದು ಆರಂಭವಾದ ಆಮ್ನಿಯೋಸೆಂಟೆಸಿಸ್ ಪರೀಕ್ಷೆ (ಭ್ರೂಣದ ಸುತ್ತಲಿನ ನೀರನ್ನು ತೆಗೆದು ನೋಡುವುದು) ನೋಡನೋಡುತ್ತಿದ್ದಂತೆ ಲಿಂಗ ಪತ್ತೆಯ ದಾರಿಯಾಯಿತು. ಮುಂಬೈಯ ಮಹಿಳಾ ಗುಂಪುಗಳ ಹೋರಾಟದಿಂದ 1988ರಲ್ಲಿ ಮಹಾರಾಷ್ಟ್ರ ಕಾನೂನು ತಂದಿತು, 1994ರಲ್ಲಿ ಕೇಂದ್ರದ ಕಾಯ್ದೆ ಬಂತು, 2003ರ ತಿದ್ದುಪಡಿಯ ನಂತರ ಅದಕ್ಕೆ ಪಿಸಿಪಿಎನ್‌ಡಿಟಿ ಎಂದು ಚಿಕ್ಕದಾಗಿ ಕರೆಯುವ ‘ಗರ್ಭಧಾರಣಾಪೂರ್ವ ಮತ್ತು ಪ್ರಸವಪೂರ್ವ ರೋಗಪತ್ತೆ ತಂತ್ರಗಳ ಕಾಯ್ದೆ’ ಎಂಬ ಉದ್ದದ ಹೆಸರು ಬಂತು. ದೇಶದಲ್ಲಿ 0–6 ವಯಸ್ಸಿನ 1000 ಗಂಡುಮಕ್ಕಳಿಗೆ 1991ರಲ್ಲಿ 945 ಹೆಣ್ಣುಮಕ್ಕಳಿದ್ದರು, 2001ರಲ್ಲಿ 927. ಕರ್ನಾಟಕದಲ್ಲಿ 2001ರಲ್ಲಿ 946 ಇದ್ದದ್ದು 2011ರಲ್ಲಿ 948 ಆಯಿತು. ಅಂದ ಹಾಗೆ, ಇಲ್ಲಿ 1000 ಬಂದರಷ್ಟೇ ಸರಿ ಎಂದು ನಾನು ಬಹಳ ದಿನ ನಂಬಿದ್ದೆ. ಪ್ರಕೃತಿಯಲ್ಲೇ 100 ಹೆಣ್ಣುಕೂಸುಗಳಿಗೆ ಸುಮಾರು 105 ಗಂಡುಕೂಸುಗಳು ಹುಟ್ಟುವುದರಿಂದ, ಜನನದ ಹೊತ್ತಿನ ಸಹಜ ಅನುಪಾತವೇ 950ರ ಆಸುಪಾಸಿನಲ್ಲಿರುತ್ತದೆ.

ನಾನು ಎಡವಿದ ಹೆಜ್ಜೆ

ಎರಡು ಕಾಯ್ದೆಗಳೂ ಗರ್ಭಪಾತದ ಬಗ್ಗೆಯೇ ಇವೆ, ಒಂದು ಬಿಡುತ್ತದೆ, ಇನ್ನೊಂದು ತಡೆಯುತ್ತದೆ ಎಂದು ನಾನು ತಿಳಿದಿದ್ದೆ. ಇದೇ ತಪ್ಪು. ಪಿಸಿಪಿಎನ್‌ಡಿಟಿ ಕಾಯ್ದೆಯನ್ನು ಸಾವಕಾಶವಾಗಿ ಓದಿದರೆ ಅದು ಗರ್ಭಪಾತವನ್ನು ಎಲ್ಲಿಯೂ ನಿಷೇಧಿಸುವುದಿಲ್ಲ. ಅದು ನಿಷೇಧಿಸುವುದು ಭ್ರೂಣದ ಲಿಂಗವನ್ನು ಪತ್ತೆ ಮಾಡುವುದನ್ನು, ಮಾತಿನಿಂದಾಗಲಿ ಸನ್ನೆಯಿಂದಾಗಲಿ ತಿಳಿಸುವುದನ್ನು, ಗರ್ಭ ಕಟ್ಟುವ ಮೊದಲೋ ನಂತರವೋ ಲಿಂಗವನ್ನು ಆಯ್ಕೆ ಮಾಡುವುದನ್ನು, ಇವುಗಳ ಜಾಹೀರಾತನ್ನು. ಪ್ರತಿ ಸ್ಕ್ಯಾನಿಂಗ್ ಕೇಂದ್ರದ ಗೋಡೆಯ ಮೇಲಿರುವ ಫಲಕವೂ ‘ಇಲ್ಲಿ ಲಿಂಗ ಪತ್ತೆ ಮಾಡುವುದಿಲ್ಲ’ ಎನ್ನುತ್ತದೆಯೇ ಹೊರತು ‘ಇಲ್ಲಿ ಗರ್ಭಪಾತ ಮಾಡುವುದಿಲ್ಲ’ ಎನ್ನುವುದಿಲ್ಲ.

ನೆನಪಿಗಾಗಿ ನಾನು ಇದನ್ನು ಎರಡು ಬಾಗಿಲುಗಳೆಂದು ಬರೆದುಕೊಂಡಿದ್ದೇನೆ. ಮೊದಲನೆಯದು ತಿಳಿಯುವ ಬಾಗಿಲು: ಅಲ್ಲಿ ಸ್ಕ್ಯಾನಿಂಗ್ ಯಂತ್ರವಿದೆ, ಅದರ ಮಾಲೀಕರಿದ್ದಾರೆ, ಸ್ಕ್ಯಾನಿಂಗ್ ಮಾಡಿಸಿಕೊಂಡ ಪ್ರತಿ ಗರ್ಭಿಣಿಯ ವಿವರ ತುಂಬುವ ಫಾರ್ಮ್ ಎಫ್ ಎಂಬ ದಾಖಲೆಯಿದೆ. ಎರಡನೆಯದು ತೆಗೆಸುವ ಬಾಗಿಲು: ಅಲ್ಲಿ ಗರ್ಭವನ್ನು ಹೊತ್ತ ಹೆಂಗಸು ಇದ್ದಾಳೆ. ಇಬ್ಬರು ಹೆಂಗಸರನ್ನು ಊಹಿಸಿಕೊಳ್ಳೋಣ. ಒಬ್ಬಳಿಗೆ ಈಗ ಮಗುವೇ ಬೇಡ. ಇನ್ನೊಬ್ಬಳಿಗೆ ಮಗು ಬೇಕು, ಹೆಣ್ಣು ಬೇಡ. ಎರಡನೆಯ ಬಾಗಿಲಲ್ಲಿ ನಿಂತಾಗ ಇಬ್ಬರೂ ಹೊರಗಿನಿಂದ ಒಂದೇ ರೀತಿ ಕಾಣುತ್ತಾರೆ. ಅವರಲ್ಲಿ ಎರಡನೆಯವಳು ಯಾರೆಂದು ಕಂಡುಹಿಡಿಯಬೇಕಾದರೆ ಇಬ್ಬರನ್ನೂ ‘ಯಾಕೆ’ ಎಂದು ಕೇಳಲೇಬೇಕಾಗುತ್ತದೆ, ಉತ್ತರ ಸರಿಬರದಿದ್ದರೆ ಇಬ್ಬರನ್ನೂ ವಾಪಸು ಕಳಿಸಬೇಕಾಗುತ್ತದೆ. ಆದ್ದರಿಂದ ಸ್ತ್ರೀವಾದಿಗಳಲ್ಲಿ ಅನೇಕರು ಹೇಳುವುದು ಇಷ್ಟು: ಕಾವಲು ಮೊದಲ ಬಾಗಿಲಲ್ಲಿರಲಿ, ಎರಡನೆಯದರಲ್ಲಿ ಬೇಡ. ಅಲ್ಲಿಗೆ ನನ್ನ ಎರಡು ವಾಕ್ಯಗಳಲ್ಲಿ ಎರಡನೆಯದನ್ನು ತಿದ್ದಿದರೆ ಸಾಕು. ಕಾನೂನು ತಡೆಯಬೇಕಾದದ್ದು ಗರ್ಭಪಾತವನ್ನಲ್ಲ, ಲಿಂಗ ಪತ್ತೆಯನ್ನು.

ಕಾಗದದ ಮೇಲೆ ಇದು ಚೆನ್ನಾಗಿದೆ. ವ್ಯವಹಾರದಲ್ಲಿ ಕಾವಲುಗಾರರು ಎರಡನೆಯ ಬಾಗಿಲಿಗೇ ಬಂದು ನಿಲ್ಲುತ್ತಾರೆ. ಸ್ಕ್ಯಾನಿಂಗ್‌ನಲ್ಲಿ ಲಿಂಗ ತಿಳಿಯುವುದು ಸಾಮಾನ್ಯವಾಗಿ ಮೂರು ತಿಂಗಳು ದಾಟಿದ ಮೇಲೆ. ಹಾಗಾಗಿ ಮೂರು ತಿಂಗಳ ನಂತರದ ಗರ್ಭಪಾತವೆಲ್ಲ ಅನುಮಾನದ ಪಟ್ಟಿಗೆ ಸೇರುತ್ತದೆ. ತಡವಾಗಿ ಬರುವವರು ಯಾರು ಎಂದು ನೋಡಿದರೆ, ಮುಟ್ಟು ನಿಂತದ್ದನ್ನು ಹೇಳಿಕೊಳ್ಳಲಾಗದ ಹುಡುಗಿಯರು, ದುಡ್ಡು ಹೊಂದಿಸಲು ವಾರಗಟ್ಟಲೆ ಓಡಾಡಿದವರು, ಅತ್ಯಾಚಾರಕ್ಕೊಳಗಾದವರು. ಗರ್ಭಪಾತದ ಮಾತ್ರೆ ಕೆಲಸ ಮಾಡುವುದು ಲಿಂಗ ತಿಳಿಯುವುದಕ್ಕಿಂತ ಎಷ್ಟೋ ಮೊದಲಿನ ವಾರಗಳಲ್ಲಾದರೂ, ತಪಾಸಣೆಯ ಭಯಕ್ಕೆ ಔಷಧಿ ಅಂಗಡಿಯವರು ಅದನ್ನು ತರಿಸುವುದನ್ನೇ ಬಿಡುವುದುಂಟು.

ಎರಡು ಬಾಗಿಲಿನ ಉಪಾಯವನ್ನು ನಿಜವಾಗಿ ಅಲುಗಾಡಿಸಿದ್ದು ಇದಲ್ಲ, ಅಂಗವೈಕಲ್ಯದ ಪ್ರಶ್ನೆ. ಮೊದಲ ಬಾಗಿಲನ್ನು ಕಾನೂನು ಪೂರ್ತಿ ಮುಚ್ಚಿಲ್ಲ. ವರ್ಣತಂತುಗಳ ದೋಷ, ಜನ್ಮಜಾತ ವೈಕಲ್ಯ, ಕೆಲವು ಆನುವಂಶಿಕ ರಕ್ತರೋಗಗಳ ಪತ್ತೆಗಾಗಿ ಅದು ಅಧಿಕೃತವಾಗಿಯೇ ತೆರೆದಿದೆ; 24 ವಾರ ದಾಟಿದ ಮೇಲೂ ಭ್ರೂಣದಲ್ಲಿ ಗಣನೀಯ ದೋಷವಿದೆಯೆಂದು ವೈದ್ಯಕೀಯ ಮಂಡಳಿ ಹೇಳಿದರೆ ಗರ್ಭಪಾತಕ್ಕೆ ಅನುಮತಿಯಿದೆ. ಅಂಗವೈಕಲ್ಯ ಅಧ್ಯಯನದ ವಿದ್ವಾಂಸೆ ಅನಿತಾ ಘಾಯ್ ಅವರಂಥವರು ಎತ್ತಿದ ಪ್ರಶ್ನೆ ಇಲ್ಲಿ ನೇರವಾಗಿ ತಾಗುತ್ತದೆ: ಹೆಣ್ಣೆಂದು ತಿಳಿದು ಬೇಡವೆನ್ನುವುದು ತಾರತಮ್ಯವಾದರೆ, ಅಂಗವಿಕಲ ಮಗುವೆಂದು ತಿಳಿದು ಬೇಡವೆನ್ನುವುದು ಯಾವ ನ್ಯಾಯದಿಂದ ಬರೀ ವೈದ್ಯಕೀಯ ನಿರ್ಧಾರವಾಗುತ್ತದೆ? ‘ಸಾಕುವ ಹೊರೆ’ ಎಂಬ ಉತ್ತರ ನನ್ನ ನಾಲಿಗೆಯ ತುದಿಗೆ ಬಂತು. ಹೆಣ್ಣುಮಗು ಬೇಡ ಎನ್ನುವವರು ವರದಕ್ಷಿಣೆಯ ಬಗ್ಗೆ ಹೇಳುವುದೂ ಅದೇ ಮಾತು ಎಂದು ಗೊತ್ತಾದ ಮೇಲೆ ಸುಮ್ಮನಾದೆ. ಈ ಪ್ರಶ್ನೆಗೆ ನನ್ನ ಬಾಗಿಲುಗಳಲ್ಲಿ ಉತ್ತರವಿಲ್ಲ.

‘ಹತ್ಯೆ’ ಎಂಬ ಪದ

ಗೋಡೆ ಬರಹ, ಭಾಷಣ, ಪತ್ರಿಕೆ ಎಲ್ಲದರಲ್ಲೂ ನಾವು ‘ಹೆಣ್ಣು ಭ್ರೂಣಹತ್ಯೆ’ ಎಂದೇ ಬರೆಯುತ್ತೇವೆ. ಭ್ರೂಣಹತ್ಯೆ ಎಂಬುದು ಧರ್ಮಶಾಸ್ತ್ರದ ಮಹಾಪಾತಕಗಳ ನೆನಪನ್ನು ಹೊತ್ತ ಪದ; ಅದನ್ನು ಬಳಸಿದ ಕೂಡಲೇ ಭ್ರೂಣ ಒಂದು ಜೀವ, ಗರ್ಭಪಾತ ಒಂದು ಕೊಲೆ ಎಂದು ಒಪ್ಪಿದಂತಾಗುತ್ತದೆ. ಹೆಣ್ಣುಭ್ರೂಣವನ್ನು ತೆಗೆಸುವುದು ಹತ್ಯೆಯಾದರೆ ಗಂಡುಭ್ರೂಣವನ್ನು ತೆಗೆಸುವುದೂ ಹತ್ಯೆಯೇ. ಸ್ತ್ರೀವಾದಿ ಚಿಂತಕಿ ನಿವೇದಿತಾ ಮೆನನ್ ಈ ತೊಡಕನ್ನು 1990ರ ದಶಕದಲ್ಲೇ ಗುರುತಿಸಿದ್ದರು. 2023ರ ಅಕ್ಟೋಬರ್‌ನಲ್ಲಿ 26 ವಾರ ದಾಟಿದ ವಿವಾಹಿತೆಯೊಬ್ಬರ ಅರ್ಜಿಯನ್ನು ಸುಪ್ರೀಂ ಕೋರ್ಟ್ ತಿರಸ್ಕರಿಸಿದ ಪ್ರಕರಣದಲ್ಲಿ ಭ್ರೂಣದ ಎದೆಬಡಿತದ ಮಾತು ಬಂದದ್ದನ್ನು ಓದಿದಾಗ ಪದದ ತೂಕ ನನಗೆ ಅರ್ಥವಾಯಿತು. ನಾನೀಗ ‘ಲಿಂಗ ಆಯ್ಕೆಯ ಗರ್ಭಪಾತ’ ಎಂದು ಬರೆಯುತ್ತೇನೆ. ಕಿವಿಗೆ ಸಪ್ಪೆ ಎನ್ನಿಸುತ್ತದೆ, ಪರವಾಗಿಲ್ಲ.

ಅವಳ ಒಪ್ಪಿಗೆ ಯಾರದು

ಪಿಸಿಪಿಎನ್‌ಡಿಟಿ ಕಾಯ್ದೆಯ 24ನೇ ಕಲಮಿನ ಪ್ರಕಾರ, ಬೇರೆ ರೀತಿ ಸಾಬೀತಾಗುವವರೆಗೆ, ಗಂಡ ಅಥವಾ ಸಂಬಂಧಿಕರ ಒತ್ತಾಯದಿಂದಲೇ ಹೆಂಗಸು ಲಿಂಗ ಪತ್ತೆಗೆ ಒಳಗಾದಳೆಂದು ನ್ಯಾಯಾಲಯ ಭಾವಿಸಬೇಕು. ಎಂಟಿಪಿಯ ಚರ್ಚೆಯಲ್ಲಿ ‘ಅವಳ ಮಾತೇ ಕೊನೆಯ ಮಾತು’ ಎನ್ನುವ ನಾವು ಇಲ್ಲಿ ‘ಅವಳ ಮಾತು ಅವಳದಲ್ಲ’ ಎನ್ನುತ್ತಿದ್ದೇವೆ. ಇದನ್ನು ಬಿಡಿಸಿಕೊಳ್ಳಲು ನನಗೆ ನೆರವಾದದ್ದು ಒಂದು ಸಣ್ಣ ವ್ಯತ್ಯಾಸ: ಈ ಕಲಮು ಹೆಣ್ಣಿನ ಸ್ವಭಾವದ ಬಗೆಗಿನ ಸಿದ್ಧಾಂತವಲ್ಲ, ಸಾಕ್ಷ್ಯದ ಹೊರೆಯನ್ನು ಯಾರ ಹೆಗಲಿಗೆ ಹಾಕಬೇಕು ಎಂಬ ಏರ್ಪಾಡು. ಜೈಲಿಗೆ ಅವಳು ಹೋಗಬಾರದು ಎಂಬುದಷ್ಟೇ ಅದರ ಉದ್ದೇಶ. ಆದರೂ ಮೂರನೆಯದೂ ಹೆಣ್ಣೆಂದು ತಿಳಿದು ‘ನನಗೇ ಬೇಡ’ ಎನ್ನುವವಳನ್ನು ಬರೀ ಒತ್ತಾಯಕ್ಕೊಳಗಾದವಳು ಎಂದರೆ ಅವಳ ಲೆಕ್ಕಾಚಾರಕ್ಕೆ ಅನ್ಯಾಯವಾಗುತ್ತದೆ. ಗಂಡುಮಗು ಹೆತ್ತರೆ ಆ ಮನೆಯಲ್ಲಿ ತನ್ನ ಸ್ಥಾನ ಏನಾಗುತ್ತದೆಂದು ಅವಳಿಗೆ ಚೆನ್ನಾಗಿ ಗೊತ್ತು.

ಇದೇ ಲೆಕ್ಕಾಚಾರವನ್ನು ಅರ್ಥಶಾಸ್ತ್ರಜ್ಞೆ ಧರ್ಮಾ ಕುಮಾರ್ 1983ರಲ್ಲಿ ಮುಂದಕ್ಕೆ ಒಯ್ದು, ಹೆಣ್ಣುಗಳ ಸಂಖ್ಯೆ ಇಳಿದರೆ ಅವರ ಬೆಲೆ ಏರೀತು ಎಂಬ ಧಾಟಿಯಲ್ಲಿ ವಾದಿಸಿದ್ದರು. ಮಾನವಶಾಸ್ತ್ರಜ್ಞೆ ಲೀಲಾ ದುಬೆ ಅದನ್ನು ಬಲವಾಗಿ ವಿರೋಧಿಸಿ, ಕೊರತೆಯಿಂದ ಹೆಣ್ಣಿನ ಮೇಲಿನ ಹಿಂಸೆಯೇ ಹೆಚ್ಚುತ್ತದೆ ಎಂದರು. ನನ್ನ ಒಲವು ದುಬೆಯವರ ಕಡೆಗೆ: ಸರಕಿನ ಬೆಲೆ ಏರಿದರೆ ಲಾಭ ಸರಕಿಗಲ್ಲ, ಅದರ ಒಡೆಯನಿಗೆ. 2023ರ ಫೆಬ್ರವರಿಯಲ್ಲಿ ಮದುವೆಗೆ ಹೆಣ್ಣು ಸಿಗಲೆಂದು ಮಂಡ್ಯ ಜಿಲ್ಲೆಯ ಯುವಕರು ಮಲೆ ಮಹದೇಶ್ವರ ಬೆಟ್ಟಕ್ಕೆ ಪಾದಯಾತ್ರೆ ಹೋದರು. ಅದೇ ವರ್ಷದ ಕೊನೆಯಲ್ಲಿ ಅದೇ ಜಿಲ್ಲೆಯ ಆಲೆಮನೆಯೊಂದರಲ್ಲಿ ಲಿಂಗ ಪತ್ತೆಯ ಸ್ಕ್ಯಾನಿಂಗ್ ನಡೆಯುತ್ತಿತ್ತೆಂಬ ಪ್ರಕರಣ ಬಯಲಾಯಿತು. ಕೃಷಿಕ ವರ ಬೇಡವೆನ್ನುವ ಹುಡುಗಿಯರ ನಿರ್ಧಾರವೂ ಆ ಪಾದಯಾತ್ರೆಯ ಹಿಂದಿರುವುದರಿಂದ ಎರಡನ್ನೂ ನೇರವಾಗಿ ಗಂಟುಹಾಕುವುದು ಅವಸರವಾದೀತು. ಆದರೆ ಹೆಣ್ಣಿಗೆ ಬರ ಬಂದಿದೆ ಎನ್ನುವ ಊರಿನಲ್ಲೇ ಹೆಣ್ಣು ಬೇಡವೆನ್ನುವ ವ್ಯವಹಾರವೂ ನಡೆದಿದ್ದರೆ, ಬೆಲೆ ಏರುವ ವಾದಕ್ಕೆ ಅದು ಬಲ ಕೊಡುವುದಿಲ್ಲ.

ಸಂದರ್ಶನದ ಹಾಳೆ

ಸಂಶೋಧನಾ ವಿಧಾನದ ಪತ್ರಿಕೆಗಾಗಿ ಪ್ರಶ್ನಾವಳಿ ತಯಾರಿಸಿ ಒಬ್ಬರನ್ನು ಮಾತಾಡಿಸಿ ನೋಡಬೇಕಿತ್ತು. ದೊಡ್ಡಮ್ಮನನ್ನು ಕೇಳಿದೆ. ಅವರು ಅವರೆಕಾಳು ಹಿಸುಕುತ್ತ, ‘ಎಲ್ಡು ಹೆಣ್ಣಾದ್ವು, ಆಮೇಕೆ ಒಂದು ಹೋಯ್ತು ಕಣವ್ವ, ಆಮೇಕೆ ಇವ್ನು ಹುಟ್ದ’ ಎಂದರು. ನನ್ನ ಹಾಳೆಯಲ್ಲಿ ಎರಡು ಸಂಕೇತಗಳಿದ್ದವು: 1 ತಾನಾಗಿ ಆದದ್ದು, 2 ಮಾಡಿಸಿದ್ದು. ‘ಹೋಯ್ತು’ ಎಂಬುದು ಎರಡರಲ್ಲಿ ಯಾವುದು? ‘ಹೋಯ್ತಾ, ತೆಗೆಸಿದ್ರಾ ದೊಡ್ಡಮ್ಮ?’ ಎಂದು ಕೇಳಲು ಬಾಯಿ ತೆರೆದವಳು ಹಾಗೆಯೇ ಮುಚ್ಚಿದೆ. ಮೊರದ ಮೇಲಿನ ಅವರ ಕೈ ಒಂದು ಕ್ಷಣ ನಿಂತದ್ದನ್ನು ನಾನು ನೋಡಿದ್ದೆ.

ಸಂದರ್ಶಕಿ ಯಂತ್ರದಂತೆ ದೂರ ನಿಲ್ಲದೆ ಆತ್ಮೀಯತೆಯಿಂದ ಮಾತಾಡಬೇಕು ಎಂದು ಬ್ರಿಟನ್ನಿನ ಸಮಾಜಶಾಸ್ತ್ರಜ್ಞೆ ಆನ್ ಓಕ್ಲಿ 1981ರಲ್ಲಿ ವಾದಿಸಿದರು. ಆ ಆತ್ಮೀಯತೆಯೇ ಹೆಚ್ಚು ಆಳದ ದ್ರೋಹಕ್ಕೆ ದಾರಿಯಾಗಬಹುದು, ಏಕೆಂದರೆ ಗೆಳತಿಯೆಂದು ಹೇಳಿಕೊಂಡದ್ದು ಕೊನೆಗೆ ಸಂಶೋಧಕಿಯ ಪುಟಗಳಲ್ಲಿ ದತ್ತಾಂಶವಾಗುತ್ತದೆ ಎಂದು ಅಮೆರಿಕದ ಸಮಾಜಶಾಸ್ತ್ರಜ್ಞೆ ಜೂಡಿತ್ ಸ್ಟೇಸಿ 1988ರಲ್ಲಿ ಎಚ್ಚರಿಸಿದರು. ಮೊದಲು ಓದಿದಾಗ ಸ್ಟೇಸಿಯವರದು ಅತಿ ಎನ್ನಿಸಿತ್ತು. ಅವರೆಕಾಳಿನ ಮೊರದ ಮುಂದೆ ಹಾಗೆನ್ನಿಸಲಿಲ್ಲ.

ಗೋಪ್ಯತೆಯ ಭರವಸೆಯೂ ಇಲ್ಲಿ ಸುಲಭವಲ್ಲ. ವಕೀಲರೊಂದಿಗೆ ಆಡಿದ ಮಾತಿಗಿರುವ ಕಾನೂನಿನ ರಕ್ಷಣೆ ಸಂಶೋಧಕಿಯ ಟಿಪ್ಪಣಿ ಪುಸ್ತಕಕ್ಕಿಲ್ಲ. ಯಾರಾದರೂ ಸ್ಕ್ಯಾನಿಂಗ್ ಕೇಂದ್ರದ ಹೆಸರು ಹೇಳಿಬಿಟ್ಟರೆ? 15 ದಿನಗಳ ನೋಟಿಸು ಕೊಟ್ಟು ಯಾರು ಬೇಕಾದರೂ ನ್ಯಾಯಾಲಯಕ್ಕೆ ದೂರು ಒಯ್ಯುವ ಅವಕಾಶ ಕಾಯ್ದೆಯಲ್ಲಿದೆ. ಒಯ್ದರೆ ನಂಬಿ ಹೇಳಿದವಳು ಸಾಕ್ಷಿಯ ಕಟಕಟೆಗೆ ಬರಬೇಕಾಗುತ್ತದೆ. ಒಯ್ಯದಿದ್ದರೆ ಆ ಯಂತ್ರ ನಾಳೆಯೂ ನಡೆಯುತ್ತದೆ. ತರಗತಿಯಲ್ಲಿ ಇದಕ್ಕೆ ಒಮ್ಮತ ಬರಲಿಲ್ಲ. ಕೇಂದ್ರದ ಹೆಸರನ್ನು ಕೇಳುವ ಪ್ರಶ್ನೆಯನ್ನೇ ಪ್ರಶ್ನಾವಳಿಯಿಂದ ತೆಗೆದು, ಹೆಸರು ಹೇಳಬೇಡಿ ಎಂದು ಸಂದರ್ಶನಕ್ಕೆ ಮೊದಲೇ ತಿಳಿಸುವುದು ನಾನು ಕಂಡುಕೊಂಡ ದಾರಿ. ಇದು ಪ್ರಶ್ನೆಯಿಂದ ತಪ್ಪಿಸಿಕೊಳ್ಳುವುದಲ್ಲವೇ ಎಂದು ಗೆಳತಿಯೊಬ್ಬಳು ಕೇಳಿದಳು. ಸ್ವಲ್ಪ ಮಟ್ಟಿಗೆ ಹೌದು.

ಹಾಳೆಯಲ್ಲಿ ಈಗ ಸಂಕೇತದ ಅಂಕಣವನ್ನು ತೆಗೆದು ‘ಅವರು ಬಳಸಿದ ಪದ’ ಎಂಬ ಅಂಕಣ ಹಾಕಿದ್ದೇನೆ. ಅದರ ಮೊದಲ ಸಾಲಿನಲ್ಲಿ ‘ಹೋಯ್ತು’ ಎಂದು ಬರೆದು, ದೊಡ್ಡಮ್ಮನಿಗೆ ತೋರಿಸಿ, ಇದನ್ನು ಇಟ್ಟುಕೊಳ್ಳಲೇ ಎಂದು ಕೇಳಿದೆ. ‘ಅಷ್ಟೇ ಬರ್ಕೊ’ ಎಂದರು.